ಬಿಚ್ಚುತ್ತಿರುವ ಅಣುಸ್ಥಾವರದೊಳಗೆ ಮೂರು ತಾಸು: ಇಗ್ನಾಲಿನಾ ಪ್ರವಾಸದ ವಿಮರ್ಶೆ

ಇಗ್ನಾಲಿನಾ ಅಣುಸ್ಥಾವರ ಇರುವುದು ಇಗ್ನಾಲಿನಾ ಎಂಬ ಊರಿನಲ್ಲಲ್ಲ. ಲಿಥುವೇನಿಯಾದ ರಾಜಧಾನಿ ವಿಲ್ನಿಯಸ್‌ನಿಂದ ಈಶಾನ್ಯಕ್ಕೆ ಹೊರಡುವ ರೈಲಿನಲ್ಲಿ ಬೋರ್ಡು ನೋಡಿ ಇಗ್ನಾಲಿನಾದಲ್ಲಿ ಇಳಿದರೆ ಕೆಟ್ಟಿರಿ. ಇಳಿಯಬೇಕಾದ್ದು ಇನ್ನೂ ಮುಂದೆ, ವಿಸಾಗಿನಸ್‌ನಲ್ಲಿ. ಅಲ್ಲಿಂದಲೂ ಸ್ಥಾವರ ಕೆಲವು ಕಿಲೋಮೀಟರ್ ಆಚೆಗಿದೆ, ಲಿಥುವೇನಿಯಾ ಮತ್ತು ಬೆಲಾರುಸ್ ಹಂಚಿಕೊಂಡಿರುವ ದ್ರೂಕ್ಷೈ ಸರೋವರದ ದಂಡೆಯಲ್ಲಿ. ಬಸ್ಸನ್ನು ನೆಚ್ಚಿಕೊಳ್ಳುವ ಬದಲು ಟ್ಯಾಕ್ಸಿ ಮೊದಲೇ ಹೇಳಿಟ್ಟುಕೊಳ್ಳುವುದು ಮೇಲು. ವಿಸಾಗಿನಸ್ 1975ರಲ್ಲಿ ಈ ಸ್ಥಾವರದ ಕೆಲಸಗಾರರಿಗೆಂದೇ ಪೈನ್ ಕಾಡಿನ ನಡುವೆ ಕಟ್ಟಿದ ಊರು. ಸೋವಿಯತ್ ಕಾಲದಲ್ಲಿ ಲಿಥುವೇನಿಯಾದ ಕಮ್ಯುನಿಸ್ಟ್ ನಾಯಕನ ನೆನಪಿಗೆ ಸ್ನಿಯೆಚ್ಕುಸ್ ಎಂಬ ಹೆಸರಿತ್ತು. ಇಂದಿಗೂ ಅಲ್ಲಿನ ಬೀದಿಯಲ್ಲಿ ಲಿಥುವೇನಿಯನ್ನಿಗಿಂತ ರಷ್ಯನ್ನೇ ಹೆಚ್ಚು ಕೇಳುತ್ತದೆ. ಸ್ಥಾವರದೊಳಗಿನ ಪ್ರವಾಸ ಇಂಗ್ಲಿಷಿನಲ್ಲೂ ಸಿಗುತ್ತದೆ.

ಈ ಪ್ರವಾಸವನ್ನು ನಡೆಸುವುದು ಸ್ಥಾವರವೇ. ಪಾಳುಬಿದ್ದ ಊರು, ತುಕ್ಕು ಹಿಡಿದ ಆಟದ ಚಕ್ರ, ಗೋಡೆ ಸೀಳಿ ಬೆಳೆದ ಮರ ನೋಡುವ ಆಸೆ ಇದ್ದವರಿಗೆ ಇಲ್ಲಿ ನಿರಾಸೆಯೇ ಗತಿ. ಚೆರ್ನೋಬಿಲ್ ದುರಂತದ ಬಗೆಗಿನ ಒಂದು ಹೆಸರಾಂತ ಟಿವಿ ಸರಣಿಯ ಹೊರಾಂಗಣ ದೃಶ್ಯಗಳು ಇಲ್ಲಿ ಚಿತ್ರೀಕರಣವಾದದ್ದರಿಂದ 2019ರ ನಂತರ ಆ ಆಸೆ ಹೊತ್ತು ಬರುವವರ ಸಂಖ್ಯೆ ಏರಿತು. ಆದರೆ ಇಲ್ಲಿರುವುದು ಪಾಳಲ್ಲ, ನಿಂತುಹೋದ ಸ್ಥಾವರವನ್ನು ಬಿಚ್ಚುವ ಕೆಲಸದ ಜಾಗ. ಹೆಲ್ಮೆಟ್ ಹಾಕಿದವರು ಕಬ್ಬಿಣ ಕೊಯ್ಯುತ್ತಾರೆ, ತೂಗುತ್ತಾರೆ, ಅಳೆಯುತ್ತಾರೆ, ಪೆಟ್ಟಿಗೆಗೆ ತುಂಬುತ್ತಾರೆ. ಅದನ್ನು ನೋಡುವ ಕುತೂಹಲ ಇದ್ದವರಿಗೆ ಯೂರೋಪಿನಲ್ಲಿ ಇದಕ್ಕೆ ಸಮನಾದ ಜಾಗ ಕಡಿಮೆ.

ಬುಕಿಂಗ್ ಬಗ್ಗೆ ನಾಲ್ಕು ಮಾತು. ಮುಂಚಿತವಾಗಿ ಹೆಸರು ಕೊಡಬೇಕು, ಪಾಸ್‌ಪೋರ್ಟ್ ವಿವರ ಸಲ್ಲಿಸಬೇಕು. ಅದೇ ಪಾಸ್‌ಪೋರ್ಟನ್ನು ಬರುವ ದಿನ ಕೈಯಲ್ಲಿ ಹಿಡಿದಿರಬೇಕು, ನಕಲು ನಡೆಯುವುದಿಲ್ಲ. ನಿಯಂತ್ರಿತ ವಲಯಕ್ಕೆ 18 ತುಂಬದವರನ್ನು ಬಿಡುವುದಿಲ್ಲ. ಫೋನು, ಕ್ಯಾಮೆರಾ ಒಳಗೆ ಹೋಗುವಂತಿಲ್ಲ. ಒಳಗೆ ಅವರದೇ ಬಿಳಿ ಬಟ್ಟೆ, ಅವರದೇ ಶೂ, ಹೆಲ್ಮೆಟ್, ಎದೆಯ ಮೇಲೆ ವಿಕಿರಣ ಅಳೆಯುವ ಡೋಸಿಮೀಟರ್. ಹೊರಬರುವಾಗ ಮೈಯೆಲ್ಲ ತಪಾಸಣೆ ಮಾಡುವ ಯಂತ್ರದಲ್ಲಿ ನಿಂತು ಹಸಿರು ದೀಪ ಪಡೆಯಬೇಕು. ಉದ್ದನೆಯ ಕಾರಿಡಾರು, ಮೆಟ್ಟಿಲು ಬಹಳ. ಮಂಡಿ ನೋವಿದ್ದವರು ಯೋಚಿಸಿ ಹೋಗಿ. ವಿಕಿರಣದ ಭಯ ಇದ್ದವರಿಗೆ: ಇಲ್ಲಿಗೆ ಬರಲು ಬೆಂಗಳೂರಿನಿಂದ ವಿಮಾನ ಹತ್ತಿದಾಗ ಆಕಾಶದಲ್ಲಿ ಸಿಗುವ ಡೋಸು ಈ ಮೂರು ತಾಸಿನದ್ದಕ್ಕಿಂತ ಹೆಚ್ಚು.

ಸ್ಥಾವರದಲ್ಲಿರುವುದು ಎರಡು ಆರ್‌ಬಿಎಂಕೆ-1500 ರಿಯಾಕ್ಟರುಗಳು: ಗ್ರಾಫೈಟ್ ರಾಶಿಯೊಳಗಿನ ಕೊಳವೆಗಳಲ್ಲಿ ನೀರು ಕುದಿಸುವ ಸೋವಿಯತ್ ವಿನ್ಯಾಸ, ಚೆರ್ನೋಬಿಲ್‌ನದ್ದೂ ಇದೇ ಜಾತಿ. ಮೊದಲನೆಯದು 1983ರ ಕೊನೆಯಲ್ಲಿ, ಎರಡನೆಯದು 1987ರ ಆಗಸ್ಟಿನಲ್ಲಿ ವಿದ್ಯುತ್ ಜಾಲಕ್ಕೆ ಸೇರಿದವು. ಮೂರನೆಯದರ ಕಟ್ಟಡ ಅರ್ಧಕ್ಕೆ ನಿಂತು ಆಮೇಲೆ ಕೆಡವಲ್ಪಟ್ಟಿತು. ಯೂರೋಪಿಯನ್ ಒಕ್ಕೂಟಕ್ಕೆ ಸೇರುವ ಷರತ್ತಿನಂತೆ ಮೊದಲ ಘಟಕ 2004ರ ಡಿಸೆಂಬರ್ 31ರಂದು, ಎರಡನೆಯದು 2009ರ ಡಿಸೆಂಬರ್ 31ರಂದು ಶಾಶ್ವತವಾಗಿ ನಿಂತವು. 1993ರಲ್ಲಿ ಲಿಥುವೇನಿಯಾ ಉತ್ಪಾದಿಸಿದ ವಿದ್ಯುತ್ತಿನಲ್ಲಿ ಶೇ. 88 ಈ ಒಂದೇ ಜಾಗದಿಂದ ಬಂದಿತ್ತು ಎಂಬುದನ್ನು ನೆನಪಿಟ್ಟುಕೊಂಡರೆ, ಮುಚ್ಚುವ ತೀರ್ಮಾನ ಆ ದೇಶದಲ್ಲಿ ಏಕೆ ಅಷ್ಟು ಕಹಿಯಾಗಿತ್ತು ಎಂದು ತಿಳಿಯುತ್ತದೆ. 2008ರಲ್ಲಿ ಆಯಸ್ಸು ವಿಸ್ತರಿಸಲು ಜನಮತ ಕೇಳಿದಾಗ ಮತ ಹಾಕಿದವರಲ್ಲಿ ಬಹುಪಾಲು ಜನ ಹೌದು ಎಂದರು. ಆದರೆ ಅರ್ಧದಷ್ಟು ಮತದಾರರು ಮತಗಟ್ಟೆಗೆ ಬರದ ಕಾರಣ ಅದು ಊರ್ಜಿತವಾಗಲಿಲ್ಲ.

ಪ್ರವಾಸದ ಕೇಂದ್ರ ರಿಯಾಕ್ಟರ್ ಹಾಲ್. ಎತ್ತರದ ಸಭಾಂಗಣ, ನೆಲದಲ್ಲಿ ಚೌಕ ಚೌಕ ಮುಚ್ಚಳಗಳ ಒಂದು ದೊಡ್ಡ ವೃತ್ತ. ಕೆಲಸಗಾರರು ಅದನ್ನು ಪ್ಯಾತಚೋಕ್ ಎನ್ನುತ್ತಾರೆ. ಪ್ರತಿ ಮುಚ್ಚಳದ ಕೆಳಗೂ ಒಂದು ಲಂಬ ಕೊಳವೆ. ಇಂಧನದ ಕೊಳವೆಗಳೇ 1661, ನ್ಯೂಟ್ರಾನು ಹೀರಿ ಶಕ್ತಿ ತಗ್ಗಿಸುವ ನಿಯಂತ್ರಣ ಸರಳುಗಳದ್ದು ಬೇರೆ. ಹೆಚ್ಚಿನವರು ಇಲ್ಲಿ ಮುಚ್ಚಳದ ಮೇಲೆ ನಿಂತ ರೋಮಾಂಚನದಲ್ಲೇ ಮುಂದೆ ಹೋಗುತ್ತಾರೆ. ಆದರೆ ಈ ಸ್ಥಾವರದ ಆಯಸ್ಸನ್ನು ನಿರ್ಧರಿಸಿದ ಸಂಗತಿ ಆ ಮುಚ್ಚಳಗಳ ಕೆಳಗೇ ಇದೆ, ಅದೂ ಮಿಲಿಮೀಟರ್ ಲೆಕ್ಕದಲ್ಲಿ.

ಕೊಳವೆಯ ಹೊರವ್ಯಾಸ 88 ಮಿ.ಮೀ., ದಪ್ಪ 4 ಮಿ.ಮೀ., ಲೋಹ ಜಿರ್ಕೋನಿಯಂ ಮತ್ತು ಶೇ. 2.5 ನಿಯೋಬಿಯಂನ ಮಿಶ್ರಣ. ಅದರ ಸುತ್ತ 25 ಸೆಂ.ಮೀ. ಚೌಕದ ಗ್ರಾಫೈಟ್ ಇಟ್ಟಿಗೆಗಳು ಒಂದರ ಮೇಲೊಂದು. ಇಟ್ಟಿಗೆಯ ನಡುವಿನ ತೂತು 114 ಮಿ.ಮೀ. ಕೊಳವೆಗೂ ಇಟ್ಟಿಗೆಗೂ ನಡುವೆ ಸೀಳಿದ ಗ್ರಾಫೈಟ್ ಉಂಗುರಗಳು ಕೂರುತ್ತವೆ. ಒಂದು ಉಂಗುರ ಕೊಳವೆಯನ್ನು ತಬ್ಬಿದರೆ ಮುಂದಿನದು ಇಟ್ಟಿಗೆಯ ಒಳಗೋಡೆಗೆ ಅಂಟಿಕೊಳ್ಳುತ್ತದೆ. ಇಟ್ಟಿಗೆಯಲ್ಲಿ ಹುಟ್ಟುವ ಶಾಖ ಕೊಳವೆಯ ನೀರಿಗೆ ಇಳಿಯುವುದು ಹೀಗೆ. ಇವೆಲ್ಲದರ ನಡುವೆ ಉಳಿಯುವ ಸಂದು ಬೆರಳೆಣಿಕೆಯ ಮಿಲಿಮೀಟರ್. ನ್ಯೂಟ್ರಾನುಗಳ ಹೊಡೆತಕ್ಕೆ ಗ್ರಾಫೈಟ್ ಮೊದಲು ಕುಗ್ಗುತ್ತದೆ, ತೂತು ಕಿರಿದಾಗುತ್ತದೆ. ಒಳಗಿನ ಒತ್ತಡ ಮತ್ತು ಬಿಸಿಗೆ ಕೊಳವೆ ನಿಧಾನವಾಗಿ ಹೊರಕ್ಕೆ ಉಬ್ಬುತ್ತದೆ. ಎರಡೂ ಕಡೆಯಿಂದ ಸಂದು ಮುಚ್ಚಿಕೊಳ್ಳುತ್ತ ಬರುತ್ತದೆ. ಪೂರ್ತಿ ಮುಚ್ಚಿದರೆ ಕೊಳವೆ ಇಟ್ಟಿಗೆಗೆ ಬಿಗಿಯಾಗಿ ಒತ್ತಿ, ಇಟ್ಟಿಗೆ ಬಿರಿಯಬಹುದು, ಕೊಳವೆಯನ್ನು ಸಲೀಸಾಗಿ ಎಳೆಯಲೂ ಆಗದು. ರಷ್ಯಾದ ಇದೇ ಜಾತಿಯ ರಿಯಾಕ್ಟರುಗಳಲ್ಲಿ ಮಧ್ಯ ವಯಸ್ಸಿನಲ್ಲಿ ಎಲ್ಲ ಕೊಳವೆಗಳನ್ನೂ ಬದಲಿಸಿ ಮತ್ತಷ್ಟು ವರ್ಷ ಓಡಿಸಿದರು. ಇಗ್ನಾಲಿನಾಕ್ಕೆ ಆ ದಾರಿ ಇರಲಿಲ್ಲ. 1994ರಲ್ಲಿ ಯೂರೋಪಿನ ಪುನರ್ನಿರ್ಮಾಣ ಮತ್ತು ಅಭಿವೃದ್ಧಿ ಬ್ಯಾಂಕಿನ ಮೂಲಕ ಸುರಕ್ಷತಾ ಸುಧಾರಣೆಗೆ ಹಣ ಪಡೆಯುವಾಗ, ಕೊಳವೆ ಬದಲಿಸುವ ಕಾಲ ಬಂದರೆ ಅದರಾಚೆ ಓಡಿಸುವುದಿಲ್ಲ ಎಂದು ಲಿಥುವೇನಿಯಾ ಒಪ್ಪಿಕೊಂಡಿತ್ತು. ರಾಜಕೀಯ ತೀರ್ಮಾನ ಎಂದು ಎಲ್ಲರೂ ಹೇಳುವ ಮುಚ್ಚುಗಡೆಯ ಹಿಂದೆ ಈ ಸಂದಿನ ಲೆಕ್ಕವೂ ಇತ್ತು. ಮಾರ್ಗದರ್ಶಿ ಇದನ್ನು ತಾನಾಗಿ ಹೇಳದಿದ್ದರೆ ಹಾಲಿನಲ್ಲೇ ಕೇಳಿ.

ಕೈಗಾ ಬಲ್ಲವರಿಗೆ ಇದು ಹೊಸ ಮಾತಲ್ಲ. ಅಲ್ಲಿನ ಭಾರಜಲ ರಿಯಾಕ್ಟರುಗಳ ಒತ್ತಡ ಕೊಳವೆಗಳೂ ಇದೇ ಜಿರ್ಕೋನಿಯಂ-ನಿಯೋಬಿಯಂ ಮಿಶ್ರಲೋಹದವು, ಅಲ್ಲೂ ಕೊಳವೆಯ ಉಬ್ಬು ಮತ್ತು ಉದ್ದವಾಗುವಿಕೆಯನ್ನು ಅಳೆಯುತ್ತಲೇ ಇರಬೇಕು, ಅಲ್ಲೂ ರಿಯಾಕ್ಟರ್ ಓಡುತ್ತಿರುವಾಗಲೇ ಇಂಧನ ಬದಲಿಸುತ್ತಾರೆ. ವ್ಯತ್ಯಾಸ ಕೊಳವೆಯ ಸುತ್ತ ಇರುವ ವಸ್ತುವಿನಲ್ಲಿ. ಕೈಗಾದಲ್ಲಿ ಮಂದಕ, ಅಂದರೆ ನ್ಯೂಟ್ರಾನುಗಳ ವೇಗ ತಗ್ಗಿಸುವ ವಸ್ತು, ಭಾರಜಲ. ರಿಯಾಕ್ಟರ್ ನಿಂತ ಮೇಲೆ ಅದನ್ನು ಬಸಿದು ಬೇರೆಡೆ ಬಳಸಬಹುದು. ಇಲ್ಲಿ ಮಂದಕ ಗ್ರಾಫೈಟ್. ಅದನ್ನು ಬಸಿಯುವಂತಿಲ್ಲ, ಒಂದೊಂದಾಗಿ ಎತ್ತಬೇಕು. ಈ ವಿಷಯಕ್ಕೆ ಮತ್ತೆ ಬರುತ್ತೇವೆ.

ಮುಂದಿನದು ನಿಯಂತ್ರಣ ಕೊಠಡಿ. ಫೋಟೋ ತೆಗೆಯಲು ಬಿಡದ್ದಕ್ಕೆ ಇಲ್ಲಿ ನಿಜಕ್ಕೂ ಬೇಸರವಾಗುತ್ತದೆ. ಗೋಡೆ ತುಂಬ ಕೊಳವೆಗಳ ನಕ್ಷೆ, ಸರಳುಗಳ ಆಳ ತೋರಿಸುವ ಗುಂಡು ಮಾಪಕಗಳು, ಸಾಲುಸಾಲು ಗುಂಡಿಗಳು. ಇಲ್ಲಿ ತಪ್ಪದೆ ಕೇಳಬೇಕಾದದ್ದು 1983ರ ಪರೀಕ್ಷೆಯ ಬಗ್ಗೆ. ಆರ್‌ಬಿಎಂಕೆಯ ನಿಯಂತ್ರಣ ಸರಳಿನ ತುದಿಗೆ ನಾಲ್ಕೂವರೆ ಮೀಟರ್ ಉದ್ದದ ಗ್ರಾಫೈಟ್ ತುಂಡು ನೇತಾಡುತ್ತಿತ್ತು. ಸರಳನ್ನು ಪೂರ್ತಿ ಮೇಲೆತ್ತಿದಾಗ ಈ ತುಂಡು ಇಂಧನದ ನಡುಭಾಗದಲ್ಲಿರುತ್ತದೆ, ಅದರ ಮೇಲೂ ಕೆಳಗೂ ಒಂದೂಕಾಲು ಮೀಟರಿನಷ್ಟು ನೀರು. ತುರ್ತಾಗಿ ನಿಲ್ಲಿಸಲು ಸರಳನ್ನು ಇಳಿಸಿದರೆ ಗ್ರಾಫೈಟ್ ಮೊದಲು ತಳದ ನೀರನ್ನು ತಳ್ಳಿಹಾಕುತ್ತದೆ. ನೀರು ನ್ಯೂಟ್ರಾನುಗಳನ್ನು ಗ್ರಾಫೈಟಿಗಿಂತ ಹೆಚ್ಚು ಹೀರುವುದರಿಂದ, ನಿಲ್ಲಿಸಲು ಒತ್ತಿದ ಗುಂಡಿ ಮೊದಲ ಕೆಲವು ಸೆಕೆಂಡು ತಳಭಾಗದಲ್ಲಿ ಶಕ್ತಿಯನ್ನು ಏರಿಸುತ್ತದೆ. ಈ ದೋಷ ಇಗ್ನಾಲಿನಾದ ಮೊದಲ ಘಟಕದ ಆರಂಭಿಕ ಪರೀಕ್ಷೆಯಲ್ಲೇ, 1983ರಲ್ಲಿ, ಕಣ್ಣಿಗೆ ಬಿದ್ದಿತ್ತು. ವಿನ್ಯಾಸಕಾರರಿಗೆ ತಿಳಿದಿತ್ತು, ಉಳಿದ ಸ್ಥಾವರಗಳಿಗೂ ಮಾಹಿತಿ ಹೋಗಿತ್ತು, ಸರಳುಗಳು ಮಾತ್ರ ಬದಲಾಗಲಿಲ್ಲ. 1986ರ ಏಪ್ರಿಲ್ 26ರ ರಾತ್ರಿ ಚೆರ್ನೋಬಿಲ್‌ನಲ್ಲಿ ಅದೇ ಗುಂಡಿ ಒತ್ತಿದರು.

ಇಗ್ನಾಲಿನಾದ ಯಂತ್ರ ಚೆರ್ನೋಬಿಲ್‌ನದ್ದಕ್ಕಿಂತ ಒಂದು ಹೆಜ್ಜೆ ದುಡುಕಿನದ್ದೇ ಆಗಿತ್ತು ಎಂಬುದನ್ನೂ ಇಲ್ಲಿ ಹೇಳಬೇಕು. ಹೆಚ್ಚುಕಡಿಮೆ ಅದೇ ಗಾತ್ರದ ಗ್ರಾಫೈಟ್ ರಾಶಿಯಿಂದ ಒಂದೂವರೆ ಪಟ್ಟು ಶಕ್ತಿ: ಶಾಖದ ಲೆಕ್ಕದಲ್ಲಿ 4800 ಮೆಗಾವ್ಯಾಟ್, ವಿದ್ಯುತ್ತಿನ ಲೆಕ್ಕದಲ್ಲಿ 1500. ಇಂಧನ ಕಟ್ಟಿನ ಮೇಲರ್ಧದಲ್ಲಿ ನೀರನ್ನು ಸುಳಿಯಾಗಿ ತಿರುಗಿಸುವ ಜಾಲರಿಗಳನ್ನು ಇಟ್ಟು ಶಾಖ ಹೀರುವಿಕೆ ಹೆಚ್ಚಿಸಿದ್ದೇ ಇದರ ಗುಟ್ಟು. ಚೆರ್ನೋಬಿಲ್ ನಂತರ ಶಾಖಮಿತಿಯನ್ನು 4200ಕ್ಕೆ ಇಳಿಸಿದರು. ಹೆಸರಿನಲ್ಲಿ 1500 ಉಳಿದರೂ ಕೊಟ್ಟದ್ದು 1300ರ ಆಸುಪಾಸು. ಸರಳುಗಳು ಬದಲಾದವು, ಅವು ಇಳಿಯುವ ಸಮಯ 18 ಸೆಕೆಂಡಿನಿಂದ 12ಕ್ಕೆ ಬಂತು, ಎರಡೂವರೆ ಸೆಕೆಂಡಿನಲ್ಲಿ ಇಳಿಯುವ ವೇಗದ ಸರಳುಗಳು ಸೇರಿದವು. ಯುರೇನಿಯಂ ಸಂವರ್ಧನೆಯನ್ನು (ಇಂಧನದಲ್ಲಿ ಯುರೇನಿಯಂ-235ರ ಪಾಲನ್ನು) ಶೇ. 2ರಿಂದ 2.4ಕ್ಕೆ ಮತ್ತು ಮುಂದೆ ಇನ್ನೂ ಮೇಲಕ್ಕೆ ಏರಿಸಿ, ಜೊತೆಗೆ ನ್ಯೂಟ್ರಾನು ಹೀರುವ ಎರ್ಬಿಯಂ ಬೆರೆಸಿದರು. ಇದರಿಂದ ನೀರು ಆವಿಯಾದಾಗ ಶಕ್ತಿ ಏರುವ ಗುಣ ಬಹಳ ತಗ್ಗಿತು. ಸ್ವೀಡನ್ ತನ್ನ ಬಾರ್ಸೆಬೆಕ್ ಸ್ಥಾವರವನ್ನು ಪಕ್ಕದಲ್ಲಿಟ್ಟು ಇಗ್ನಾಲಿನಾದ ಅಪಾಯಗಳನ್ನು ಎಣಿಸುವ ಬಾರ್ಸೆಲಿನಾ ಎಂಬ ಅಧ್ಯಯನ ನಡೆಸಿತು, ಹಣವನ್ನೂ ಕೊಟ್ಟಿತು. ಕೊನೆಗಾಲದ ಇಗ್ನಾಲಿನಾ 1983ರ ಇಗ್ನಾಲಿನಾ ಅಲ್ಲವೇ ಅಲ್ಲ. ಆದರೂ ಅಪಘಾತವಾದರೆ ವಿಕಿರಣವನ್ನು ಒಳಗೇ ತಡೆಯುವ ಪೂರ್ಣ ಕವಚ ಕಟ್ಟಡ ಇಲ್ಲದ ಕೊರತೆಯನ್ನು ಯಾವ ಸುಧಾರಣೆಯೂ ತುಂಬಲಾಗಲಿಲ್ಲ. ಒಡೆದ ಕೊಳವೆಯ ಆವಿಯನ್ನು ನೀರಿನ ಕೊಳಗಳಲ್ಲಿ ತಣಿಸುವ ಗೋಪುರಗಳಿದ್ದವು, ಅಷ್ಟೆ.

ಟರ್ಬೈನ್ ಹಾಲಿಗೆ ಬಂದಾಗ ಪ್ರವಾಸದ ಬಣ್ಣ ಬದಲಾಗುತ್ತದೆ. ಪ್ರತಿ ಘಟಕಕ್ಕೂ 750 ಮೆಗಾವ್ಯಾಟಿನ ಎರಡು ಟರ್ಬೈನುಗಳಿದ್ದವು. ಮೊದಲ ಘಟಕದ ಭಾಗದಲ್ಲಿ ಈಗ ಅವು ಇಲ್ಲ. ನಿಂತ ತಳಪಾಯ, ನೆಲದ ಹೊಂಡ, ಕತ್ತರಿಸುವ ಮತ್ತು ಶುಚಿಗೊಳಿಸುವ ಕೆಲಸದ ಜಾಗಗಳು ಉಳಿದಿವೆ. ನೋಡುವುದಕ್ಕೆ ಏನೂ ಇಲ್ಲ ಎಂದು ಗೊಣಗುವವರು ಇಲ್ಲೇ ಹೆಚ್ಚು. ಆದರೆ ಇಡೀ ಪ್ರವಾಸದಲ್ಲಿ ಅತ್ಯಂತ ಬೆಲೆಬಾಳುವ ಜಾಗ ಇದು.

ಕಾರಣ ಇಷ್ಟು. ಆರ್‌ಬಿಎಂಕೆಯಲ್ಲಿ ಕೊಳವೆಯಲ್ಲೇ ನೀರು ಕುದಿದು, ಆವಿ ನೇರ ಟರ್ಬೈನಿಗೆ ಹೋಗುತ್ತದೆ. ನಡುವೆ ಶಾಖ ವಿನಿಮಯದ ಎರಡನೇ ಸುತ್ತು ಇಲ್ಲ. ಹೀಗಾಗಿ ಟರ್ಬೈನ್, ಕಂಡೆನ್ಸರ್, ಆವಿ ಪೈಪು ಎಲ್ಲದರ ಒಳಮೈಗೂ ಕೋಬಾಲ್ಟ್-60, ಸೀಸಿಯಂ-137 ಎಂಬ ವಿಕಿರಣ ಧಾತುಗಳ ತೆಳು ಲೇಪ. ಹಾಗೇ ಗುಜರಿಗೆ ಮಾರುವಂತಿಲ್ಲ, ಹಾಗೆಂದು ಸಾವಿರಾರು ಟನ್ ಉಕ್ಕನ್ನು ವಿಕಿರಣ ತ್ಯಾಜ್ಯ ಎಂದು ಹೂಳುವುದೂ ಹುಚ್ಚುತನ. ಆದ್ದರಿಂದ ಮೊದಲು ಸರ್ವೆ: ಯಾವ ಭಾಗದಲ್ಲಿ ಎಷ್ಟು. ಆಮೇಲೆ ಶಾಖನಿರೋಧಕ ಸುಲಿಯುವುದು. ಬಳಿಕ ಕತ್ತರಿಸುವುದು. ಪ್ಲಾಸ್ಮಾ ಅಥವಾ ಗ್ಯಾಸಿನಿಂದ ಕತ್ತರಿಸಿದರೆ ಬೇಗ ಮುಗಿಯುತ್ತದೆ, ಆದರೆ ಹೊಗೆಯೊಂದಿಗೆ ಮಾಲಿನ್ಯವೂ ಗಾಳಿಗೆ ಏಳುತ್ತದೆ, ಟೆಂಟು ಕಟ್ಟಿ ಫಿಲ್ಟರಿನಿಂದ ಎಳೆಯಬೇಕು, ಆ ಫಿಲ್ಟರು ಮತ್ತೊಂದು ತ್ಯಾಜ್ಯ. ಪಟ್ಟಿ ಗರಗಸ ನಿಧಾನ, ಆದರೆ ಹೊಗೆ ಇಲ್ಲ. ಕತ್ತರಿಸಿದ ತುಂಡನ್ನು ಉಕ್ಕಿನ ಹರಳುಗಳನ್ನು ರಭಸದಿಂದ ಚಿಮ್ಮಿ ಉಜ್ಜುತ್ತಾರೆ, ಕೆಲವನ್ನು ಅತಿ ಒತ್ತಡದ ನೀರಿನಿಂದ ತೊಳೆಯುತ್ತಾರೆ. ಕೊನೆಗೆ ಅಳತೆ. ಯೂರೋಪಿನ ನಿಯಮದಲ್ಲಿ ಕೋಬಾಲ್ಟ್-60 ಮತ್ತು ಸೀಸಿಯಂ-137ಕ್ಕೆ ಗ್ರಾಂಗೆ 0.1 ಬೆಕೆರೆಲ್ (ವಿಕಿರಣಶೀಲತೆಯ ಅಳತೆ) ಸಾಮಾನ್ಯ ಬಿಡುಗಡೆ ಮಿತಿ. ಒಂದಕ್ಕಿಂತ ಹೆಚ್ಚು ವಿಕಿರಣ ಧಾತು ಇದ್ದರೆ ಎಲ್ಲವನ್ನೂ ಕೂಡಿ ಲೆಕ್ಕ ಹಾಕಬೇಕು. ಮಿತಿಗಿಂತ ಕೆಳಗಿದ್ದರೆ ಅದು ಬರೀ ಕಬ್ಬಿಣ, ಮಾರಾಟಕ್ಕೆ ಹೋಗುತ್ತದೆ.

ಕೈಕೊಡುವುದು ಎಲ್ಲಿ? ಆಕಾರದಲ್ಲಿ. ಚಪ್ಪಟೆ ತಗಡನ್ನು ಉಜ್ಜುವುದೂ ಅಳೆಯುವುದೂ ಸುಲಭ. ಸಣ್ಣ ವ್ಯಾಸದ ಪೈಪಿನ ಒಳಗೆ, ಕವಾಟದ ಗೂಡಿನಲ್ಲಿ, ಬೋಲ್ಟಿನ ತಿರುಪಿನಲ್ಲಿ ಏನಿದೆ ಎಂದು ಸಾಬೀತು ಮಾಡುವುದು ಕಷ್ಟ. ಸಾಬೀತು ಮಾಡಲಾಗದ್ದು ಶುಚಿಯಾಗಿದ್ದರೂ ತ್ಯಾಜ್ಯವೇ. ಪೈಪನ್ನು ಉದ್ದಕ್ಕೆ ಸೀಳಿ ಬಿಚ್ಚಬಹುದು, ಆದರೆ ಸೀಳುವ ಕೂಲಿ ಲೋಹದ ಬೆಲೆ ಮೀರಿದರೆ ಪೆಟ್ಟಿಗೆಗೆ ಹಾಕುವುದೇ ಅಗ್ಗ. ಸ್ಥಾವರದಲ್ಲಿ ಕಳಚಬೇಕಾದ ಯಂತ್ರಸಾಮಗ್ರಿ ಒಟ್ಟು ಒಂದೂವರೆ ಲಕ್ಷ ಟನ್ನಿಗೂ ಹೆಚ್ಚು. ಅಷ್ಟಕ್ಕೂ ತುಂಡು ತುಂಡಾಗಿ ಈ ಲೆಕ್ಕ ನಡೆಯಬೇಕು. ಈ ಹಾಲಿನಲ್ಲಿ ಗರಗಸಕ್ಕಿಂತ ತಕ್ಕಡಿ ಮತ್ತು ಅಳತೆ ಯಂತ್ರದ ಮುಂದೆ ಹೆಚ್ಚು ಹೊತ್ತು ನಿಲ್ಲಿ.

ಇಲ್ಲಿಂದ ಮುಂದಿನದ್ದು ಸಾಮಾನ್ಯ ಪ್ರವಾಸದ ದಾರಿಯಲ್ಲಿ ಕಣ್ಣಿಗೆ ಬೀಳುವುದಿಲ್ಲ, ಈ ಸೇವೆಯ ದೊಡ್ಡ ಕೊರತೆ ಎಂದರೆ ಅದೇ. ಬಿಚ್ಚುವ ವೇಗವನ್ನು ನಿರ್ಧರಿಸುವುದು ಕತ್ತರಿಸುವವರಲ್ಲ, ಬಿಚ್ಚಿದ್ದನ್ನು ಇಡುವ ಜಾಗ. ಇಗ್ನಾಲಿನಾದ ಪೂರ್ತಿ ಚರಿತ್ರೆ ಆ ಒಂದು ವಾಕ್ಯದ ವಿವರ.

ಇಂಧನವನ್ನೇ ತೆಗೆದುಕೊಳ್ಳಿ. ಎರಡೂ ರಿಯಾಕ್ಟರುಗಳು ಉಳಿಸಿಹೋದ ಬಳಸಿದ ಇಂಧನ ಕಟ್ಟುಗಳು 21 ಸಾವಿರಕ್ಕೂ ಮಿಕ್ಕು. ಒಂದೊಂದರಲ್ಲೂ ಮೂರೂವರೆ ಮೀಟರಿನ ಎರಡು ಭಾಗ, ಒಂದರ ತಲೆಯ ಮೇಲೊಂದು. ನೀರಿನ ಕೊಳದಲ್ಲಿ ತಣಿದ ಮೇಲೆ ದಪ್ಪ ಗೋಡೆಯ ಕೋಣೆಯಲ್ಲಿ, ದೂರದಿಂದ ಯಂತ್ರಗೈಗಳಿಂದ ಎರಡು ತುಂಡು ಮಾಡಿ, ಬುಟ್ಟಿಗೆ ಜೋಡಿಸಿ, ಕೊಪ್ಪರಿಗೆಯಂಥ ಭಾರಿ ಪೀಪಾಯಿಗೆ ಇಳಿಸಿ, ನೀರು ಬಸಿದು, ಒಣಗಿಸಿ, ಮುಚ್ಚಳ ಬೆಸೆಯಬೇಕು. 1999ರಿಂದ ಹಳೆಯ ಅಂಗಳದಲ್ಲಿ ಇಂಥ ನೂರಕ್ಕೂ ಹೆಚ್ಚು ಪೀಪಾಯಿಗಳು ಬಯಲಲ್ಲೇ ನಿಂತಿವೆ. ಒಂದಕ್ಕೆ 51 ಕಟ್ಟು. ಅದು 2010ಕ್ಕೆ ತುಂಬಿತು. ಉಳಿದದ್ದಕ್ಕೆ ಹೊಸ ಕಟ್ಟಡ, ಹೊಸ ಮಾದರಿಯ ಪೀಪಾಯಿ ಬೇಕಿತ್ತು. ಜರ್ಮನ್ ಕಂಪನಿಗಳ ಕೂಟಕ್ಕೆ 2005ರಲ್ಲೇ ಗುತ್ತಿಗೆ ಕೊಟ್ಟಾಗಿತ್ತು. ಪೀಪಾಯಿಯ ವಿನ್ಯಾಸ, ಲೈಸೆನ್ಸು, ಕ್ರೇನು, ಹಣದ ಜಗಳ ಎಂದು ಎಳೆದೆಳೆದು, ಇಂಧನ ತುಂಬಿದ ಮೊದಲ ಪೀಪಾಯಿ ಒಳಗೆ ಹೋದದ್ದು 2016ರಲ್ಲಿ.

ಆ ವಿಳಂಬದ ಬೆಲೆ ನೋಡಿ. ಪೀಪಾಯಿ ಇಲ್ಲ ಎಂದರೆ ಕೊಳ ಖಾಲಿಯಾಗುವುದಿಲ್ಲ. ಕೊಳ ಖಾಲಿಯಾಗದೆ ರಿಯಾಕ್ಟರಿನ ಇಂಧನ ಹೊರಬರುವುದಿಲ್ಲ. ಇಂಧನ ಒಳಗಿರುವ ತನಕ ರಿಯಾಕ್ಟರ್ ಓಡುತ್ತಿಲ್ಲದಿದ್ದರೂ ತಂಪುಗೊಳಿಸುವ ಪಂಪು, ತುರ್ತು ವಿದ್ಯುತ್ತು, ಮೂರು ಪಾಳಿಯ ಸಿಬ್ಬಂದಿ, ಓಡುವ ಸ್ಥಾವರಕ್ಕಿರುವ ಲೈಸೆನ್ಸು ಎಲ್ಲವೂ ಬೇಕು. ಆ ಪಂಪನ್ನೂ ಪೈಪನ್ನೂ ಬಿಚ್ಚುವಂತಿಲ್ಲ. ಎರಡನೇ ಘಟಕ ನಿಂತದ್ದು 2009ರ ಕೊನೆಗೆ, ಅದರ ರಿಯಾಕ್ಟರ್ ಖಾಲಿಯಾದದ್ದು 2018ರಲ್ಲಿ. ಒಂದು ಯೂನಿಟ್ ವಿದ್ಯುತ್ತನ್ನೂ ಕೊಡದೆ ಎಂಟು ವರ್ಷ ಸಂಬಳ ಉಂಡ ಯಂತ್ರ ಅದು. ಕೊನೆಯ ಪೀಪಾಯಿ ಸಂಗ್ರಹಾಗಾರ ಸೇರಿದ್ದು 2022ರ ಏಪ್ರಿಲಿನಲ್ಲಿ. ಕೊನೆಯ ಸರದಿ, ನಿರೀಕ್ಷಿಸಬಹುದಾದಂತೆ, ಹಾಳಾದ ಇಂಧನದ್ದು: ಬಾಗಿದ, ಸೋರಿದ ಕಟ್ಟುಗಳು. ಇವಕ್ಕೆ ಬೇರೆಯೇ ಉಪಕರಣ ಬೇಕಾಯಿತು. ಹೊಸ ಕಟ್ಟಡದಲ್ಲಿ ಈಗ 190 ಪೀಪಾಯಿಗಳಿವೆ. ಒಂದು ಜಾಣತನವನ್ನು ಮಾತ್ರ ಮೆಚ್ಚಲೇಬೇಕು: ಮೊದಲ ಘಟಕ ನಿಂತಾಗ ಅದರಲ್ಲಿದ್ದ ಅರೆಬಳಕೆಯ ಇಂಧನವನ್ನು ಎರಡನೆಯದಕ್ಕೆ ಸಾಗಿಸಿ ಸುಟ್ಟರು. ಹೊಸ ಇಂಧನದ ಖರ್ಚೂ ಉಳಿಯಿತು, ಇಡಬೇಕಾದ ಕಟ್ಟುಗಳ ಸಂಖ್ಯೆಯೂ ಇಳಿಯಿತು.

ಉಳಿದ ತ್ಯಾಜ್ಯದ್ದೂ ಇದೇ ಪಾಡು. ಸೋವಿಯತ್ ಕಾಲದಲ್ಲಿ ಘನ ತ್ಯಾಜ್ಯವನ್ನು ಬಟ್ಟೆ, ಫಿಲ್ಟರು, ಲೋಹ ಎಂದು ಬೇರ್ಪಡಿಸದೆ ಕಾಂಕ್ರೀಟ್ ಗುಂಡಿಗಳಿಗೆ ಸುರಿದಿದ್ದರು. ದ್ರವ ತ್ಯಾಜ್ಯದ ಗಟ್ಟಿಯನ್ನು ಡಾಂಬರಿನಲ್ಲಿ ಬೆರೆಸಿ ಒಂದು ಕಟ್ಟಡಕ್ಕೆ ತುಂಬಿದ್ದರು. ಈಗ ಗುಂಡಿಯಿಂದ ಮೇಲೆತ್ತಿ, ವಿಂಗಡಿಸಿ, ಸುಡಬಹುದಾದ್ದನ್ನು ಸುಟ್ಟು, ಅದುಮಬಹುದಾದ್ದನ್ನು ಅದುಮಿ, ಸಿಮೆಂಟು ಹಾಕಿ ಹೊಸ ಪೆಟ್ಟಿಗೆಗೆ ಇಡುವ ಕಾರ್ಖಾನೆಯನ್ನೇ ಕಟ್ಟಬೇಕಾಯಿತು. ಅತಿ ಕಡಿಮೆ ವಿಕಿರಣದ್ದಕ್ಕೆ ಮೇಲ್ಮೈ ದಿಬ್ಬ, ಅದಕ್ಕಿಂತ ಹೆಚ್ಚಿನ, ಆದರೆ ಅಲ್ಪಾಯುಷಿ ತ್ಯಾಜ್ಯಕ್ಕೆ ಪಕ್ಕದ ಸ್ತಬಾತಿಷ್ಕೆಯಲ್ಲಿ ಒಂದು ಲಕ್ಷ ಘನ ಮೀಟರಿನ ಕಾಂಕ್ರೀಟ್ ಕೋಶಗಳು. ಇನ್ನೊಂದು ವಿಚಿತ್ರ: ಸ್ಥಾವರ ನಿಲ್ಲಿಸುವ ಮೊದಲು ಕಟ್ಟಬೇಕಾದವುಗಳಲ್ಲಿ ಬಾಯ್ಲರ್ ಮನೆಯೂ ಒಂದು. ವಿಸಾಗಿನಸ್ ಊರಿನ ಚಳಿಗಾಲದ ಬಿಸಿನೀರು ರಿಯಾಕ್ಟರಿನಿಂದಲೇ ಬರುತ್ತಿತ್ತು. ಸ್ಥಾವರಕ್ಕೂ ತನ್ನ ದ್ರವ ತ್ಯಾಜ್ಯ ಕುದಿಸಿ ಇಂಗಿಸಲು ಆವಿ ಬೇಕು. ರಿಯಾಕ್ಟರ್ ನಿಂತ ದಿನ ಆವಿಯೂ ನಿಲ್ಲುತ್ತದಲ್ಲ!

ಹಣದ ಮಾತು ಚಿಕ್ಕದಾಗಿ. ಬಹುಪಾಲು ಯೂರೋಪಿಯನ್ ಒಕ್ಕೂಟದ್ದು. 2021ರಿಂದ 2027ರ ಅವಧಿಗೇ 55.2 ಕೋಟಿ ಯೂರೋ. 2016ರಲ್ಲಿ ಒಕ್ಕೂಟದ ಲೆಕ್ಕಪರಿಶೋಧಕರು ಇಡೀ ಕೆಲಸದ ಮುಕ್ತಾಯ 2029ರಿಂದ 2038ಕ್ಕೆ ಜಾರಿದೆ, 156 ಕೋಟಿ ಯೂರೋ ಕೊರತೆ ಇದೆ ಎಂದು ಬರೆದರು. ಮೂವತ್ತು ನಲವತ್ತು ವರ್ಷ ಬೀಗ ಹಾಕಿ ವಿಕಿರಣ ತಗ್ಗಿದ ಮೇಲೆ ಬಿಚ್ಚಬಹುದಿತ್ತಲ್ಲ ಎಂದು ಕೇಳುವವರಿದ್ದಾರೆ. ಆ ಆಯ್ಕೆ ಎದುರಿಗಿದ್ದೂ 2002ರಲ್ಲಿ ತಕ್ಷಣ ಬಿಚ್ಚುವುದೆಂದು ತೀರ್ಮಾನವಾಯಿತು. ಕೋಬಾಲ್ಟ್-60ರ ಅರ್ಧಾಯುಷ್ಯ (ವಿಕಿರಣ ಅರ್ಧಕ್ಕಿಳಿಯುವ ಸಮಯ) ಐದೂಕಾಲು ವರ್ಷ, ಕಾದರೆ ಕೆಲಸ ಸುಲಭವಾಗುತ್ತಿತ್ತು ನಿಜ. ಆದರೆ ಯಾವ ಪೈಪು ಎಲ್ಲಿಗೆ ಹೋಗುತ್ತದೆ, ಯಾವ ವರ್ಷ ಯಾವ ಮೂಲೆಯಲ್ಲಿ ಸೋರಿತ್ತು ಎಂದು ಬಲ್ಲವರು ಅಷ್ಟು ಹೊತ್ತಿಗೆ ಇರುವುದಿಲ್ಲ, ಊರೂ ಉಳಿಯುವುದಿಲ್ಲ. ತೀರ್ಮಾನ ಸರಿಯಾದದ್ದೇ.

ಈಗ ಗ್ರಾಫೈಟ್. ಎರಡು ರಿಯಾಕ್ಟರಿನದ್ದು ಸೇರಿ 3,800 ಟನ್ನಿನ ಆಸುಪಾಸು. ಆ ರಾಶಿಯ ಸುತ್ತ ಹೀಲಿಯಂ ಮತ್ತು ನೈಟ್ರೋಜನ್ ಅನಿಲ ಹರಿಯುತ್ತಿತ್ತು. ನೈಟ್ರೋಜನ್ ನ್ಯೂಟ್ರಾನ್ ಹೀರಿದರೆ ಕಾರ್ಬನ್-14 ಆಗುತ್ತದೆ. ಅದರ ಅರ್ಧಾಯುಷ್ಯ 5,730 ವರ್ಷ. ಗ್ರಾಫೈಟಿನ ಕಲ್ಮಶದಲ್ಲಿದ್ದ ಕ್ಲೋರಿನ್‌ನಿಂದ ಹುಟ್ಟುವ ಕ್ಲೋರಿನ್-36ರದ್ದು ಮೂರು ಲಕ್ಷ ವರ್ಷ. ಹೀಗಾಗಿ ಸ್ತಬಾತಿಷ್ಕೆಯ ಕೋಶಗಳಿಗೆ ಇದು ಹೋಗುವಂತಿಲ್ಲ, ಆಳದ ಭೂಗರ್ಭ ಭಂಡಾರವೇ ಬೇಕು, ಅದು ಇನ್ನೂ ಇಲ್ಲ. ಬಿಚ್ಚಿದರೆ ಮತ್ತೊಂದು ತಾತ್ಕಾಲಿಕ ಉಗ್ರಾಣ ಕಟ್ಟಬೇಕು. ರಿಯಾಕ್ಟರನ್ನು ಅವರು ಮೂರು ವಲಯವಾಗಿ ಗುರುತಿಸಿದ್ದಾರೆ: ಮೇಲಿನದು, ಕೆಳಗಿನದು, ನಡುವಿನದು. ಮೇಲೆ ಕೆಳಗೆ ಕೊಳವೆ ಮತ್ತು ಉಕ್ಕು. ಮನುಷ್ಯರು ಹತ್ತಿರ ಹೋಗಿ ಕೆಲಸ ಮಾಡುವ ಅವಕಾಶ ಅಲ್ಲಿ ಸ್ವಲ್ಪವಾದರೂ ಇದೆ, ಕೆಲಸ ಮೊದಲ ಘಟಕದಲ್ಲಿ ಶುರುವಾದದ್ದೂ ಅಲ್ಲಿಂದಲೇ. ನಡುವಿನದ್ದು ಗ್ರಾಫೈಟ್. ಅಲ್ಲಿ ಎಲ್ಲವೂ ದೂರನಿಯಂತ್ರಣದಲ್ಲಿ, ಬಿರುಕು ಬಿಟ್ಟಿರಬಹುದಾದ ಇಟ್ಟಿಗೆಗಳನ್ನು ಪುಡಿಯಾಗದಂತೆ ಹಿಡಿದು ಎತ್ತುತ್ತಾ ನಡೆಯಬೇಕು. ಈ ಗಾತ್ರದ ಆರ್‌ಬಿಎಂಕೆಯ ಗ್ರಾಫೈಟ್ ರಾಶಿಯನ್ನು ಜಗತ್ತಿನಲ್ಲಿ ಇದುವರೆಗೆ ಯಾರೂ ಬಿಚ್ಚಿಲ್ಲ. ಮಾರ್ಗದರ್ಶಿಗೆ ಒಂದೇ ಪ್ರಶ್ನೆ ಕೇಳುವ ಅವಕಾಶ ಸಿಕ್ಕರೆ ಇದರ ಬಗ್ಗೆಯೇ ಕೇಳಿ: ಮೊದಲ ಇಟ್ಟಿಗೆ ಎತ್ತಿದ ಮೇಲೆ ಅದನ್ನು ಇಡುವುದೆಲ್ಲಿ?

ಇದಕ್ಕೆ ಹೋಲಿಕೆಯಾಗಿ ಜರ್ಮನಿಯ ಬಾಲ್ಟಿಕ್ ತೀರದ ಲುಬ್ಮಿನ್ ನೋಡಬಹುದು. ಗ್ರೈಫ್ಸ್‌ವಾಲ್ಡ್ ಸ್ಥಾವರ ಎಂದು ಹೆಸರು, ಅದೂ ಸೋವಿಯತ್ ವಿನ್ಯಾಸವೇ, ಒತ್ತಡದ ನೀರಿನಿಂದ ನಡೆಯುವ ವಿವಿಇಆರ್-440. 1990ರಲ್ಲಿ ನಿಂತಿತು. ಅವರು 1990ರ ದಶಕದಲ್ಲೇ ಮೊದಲು ಒಂದು ಭಾರಿ ಸಂಗ್ರಹಾಗಾರ ಕಟ್ಟಿದರು. ಆವಿ ಉತ್ಪಾದಕಗಳನ್ನು, ಕೊನೆಗೆ ರಿಯಾಕ್ಟರ್ ಪಾತ್ರೆಗಳನ್ನೇ ಇಡಿಯಾಗಿ ಒಯ್ದು ಅದರಲ್ಲಿಟ್ಟು, ಪುರುಸೊತ್ತಿನಲ್ಲಿ ಕತ್ತರಿಸುವ ಅವಕಾಶ ಉಳಿಸಿಕೊಂಡರು. ಗ್ರಾಫೈಟ್ ಇಲ್ಲದ ವಿನ್ಯಾಸ ಎಂಬ ಅನುಕೂಲ ಅವರಿಗಿತ್ತು, ಒಪ್ಪೋಣ. ಆದರೆ ಜಾಗ ಮೊದಲು, ಗರಗಸ ಆಮೇಲೆ ಎಂಬ ಕ್ರಮ ಅವರದು. ಇಗ್ನಾಲಿನಾ ಕಳೆದುಕೊಂಡ ವರ್ಷಗಳೆಲ್ಲ ಆ ಕ್ರಮ ತಪ್ಪಿದ್ದಕ್ಕೆ ತೆತ್ತವು.

ಯಾವುದಕ್ಕೆ ಹೋಗಬೇಕು ಎಂದರೆ, ಮಕ್ಕಳಿದ್ದರೆ, ಅಥವಾ ಅಣುಸ್ಥಾವರ ಹೇಗಿರುತ್ತದೆ ಎಂದು ಮೊದಲ ಬಾರಿ ನೋಡುವುದಾದರೆ ಲುಬ್ಮಿನ್. ಅಲ್ಲಿನ ಆರನೇ ಘಟಕಕ್ಕೆ ಇಂಧನವನ್ನೇ ತುಂಬಿರಲಿಲ್ಲ, ಮಾಲಿನ್ಯವಿಲ್ಲ, ಒಳಹೊಕ್ಕು ನೋಡಬಹುದು. ಯಂತ್ರದ ಪರಿಚಯ ಈಗಾಗಲೇ ಇದ್ದು, ಅದನ್ನು ಮುಗಿಸುವುದು ಎಂದರೇನು ಎಂಬ ಪ್ರಶ್ನೆ ಇದ್ದವರಿಗೆ ವಿಸಾಗಿನಸ್. ಹೊರಡುವ ಮುನ್ನ ಸ್ಥಾವರದ ಮಾಹಿತಿ ಕೇಂದ್ರಕ್ಕೊಮ್ಮೆ ಹೋಗಿ. ಒಳಗಿನ ಪ್ರವಾಸದಲ್ಲಿ ಕೈಬಿಟ್ಟುಹೋಗುವ ಇಂಧನ ಸಂಗ್ರಹ, ತ್ಯಾಜ್ಯ ಕೋಶಗಳ ವಿಷಯವನ್ನು ಅಲ್ಲಿ ಕೇಳಿ ತಿಳಿಯಬಹುದು. ಪೀಪಾಯಿಗಳ ವಿನ್ಯಾಸದ ಆಯಸ್ಸು 50 ವರ್ಷ. 1999ರಲ್ಲಿ ತುಂಬಿದ್ದು ಯಾವಾಗ ಮುಗಿಯುತ್ತದೆ, ಭೂಗರ್ಭ ಭಂಡಾರ ಯಾವಾಗ ತೆರೆಯುತ್ತದೆ ಎಂಬ ಎರಡು ಇಸವಿಗಳನ್ನು ಅಲ್ಲೇ ಕೇಳಿ ಬರೆದುಕೊಳ್ಳಿ.